ಕೇಸರಿ ಕುರ್ತಾದ ಬಹಾದ್ದೂರ

ಸೋಲಾಪುರಕ್ಕೆ ಹೋದ ಮಾಮಾ ಚಡಚಣಕ್ಕೆ ಬರಿಗೈಯಲ್ಲಿ ಬಂದದ್ದಿಲ್ಲ. ಬಸ್ ಸ್ಟ್ಯಾಂಡಿನ ಪುಸ್ತಕದಂಗಡಿಯಿಂದ ನನಗೊಂದು ‘ಇಂದ್ರಜಾಲ ಕಾಮಿಕ್ಸ್’ ತರುತ್ತಿದ್ದ. ಕನ್ನಡದಲ್ಲೂ ಅದು ಬರುತ್ತಿತ್ತು. ಗಡಿಯ ನಮ್ಮ ಕೈಗೆ ಸಿಕ್ಕಿದ್ದು ಮರಾಠಿಯದು. ಅವ್ವ ಜೋಳ ಹಸನು ಮಾಡುತ್ತ ಕೂತರೆ, ನಾನು ಪಕ್ಕದಲ್ಲಿ ಒಂದೊಂದೇ ಚೌಕವನ್ನು ನಮ್ಮ ಮಾತಿಗೆ ತಿರುಗಿಸಿ ಓದುತ್ತಿದ್ದೆ. ಚಂಬಲ್‌ನ ಡಕಾಯಿತ ನನ್ನ ಬಾಯಲ್ಲಿ ‘ಯಾವನಲೇ ಅಂವಾ?’ ಎಂದು ಗದರುತ್ತಿದ್ದ. ಅವ್ವನ ಕೈ ನಿಲ್ಲುತ್ತಿತ್ತು. ‘ಮುಂದ ಏನಾತೋ ತಮ್ಮಾ?’

ಟೈಮ್ಸ್ ಆಫ್ ಇಂಡಿಯಾ ಬಳಗ 1964ರಲ್ಲಿ ಶುರು ಮಾಡಿದ ಇಂದ್ರಜಾಲ 1990ರಲ್ಲಿ ನಿಂತಿತು. ಅದರ ಹೆಸರೆತ್ತಿದರೆ ಎಲ್ಲರೂ ನೆನೆಯುವುದು ಲೀ ಫಾಕ್‌ನ ಫ್ಯಾಂಟಮ್, ಮ್ಯಾಂಡ್ರೇಕ್. ಫ್ಯಾಂಟಮ್‌ನ ತಲೆಬುರುಡೆಯ ಗುಹೆ ನನಗೂ ಇಷ್ಟವೇ. ಆದರೆ ಹಳೆಯ ಸಂಚಿಕೆಗಳ ಟ್ರಂಕು ತೆರೆದಾಗ ನನ್ನ ಕೈ ಹುಡುಕುವುದು ಬಹಾದ್ದೂರನನ್ನು. 1976ರಲ್ಲಿ ಆಬಿದ್ ಸುರ್ತಿ ಕಥೆ ಕಟ್ಟಿ, ಗೋವಿಂದ ಬ್ರಹ್ಮಣಿಯಾ ಚಿತ್ರ ಬರೆದ ಈ ಹುಡುಗನಿಗೆ ಮುಖವಾಡವಿಲ್ಲ, ಮಾಯೆಯಿಲ್ಲ. ಕೇಸರಿ ಕುರ್ತಾ, ಜೀನ್ಸ್ ಪ್ಯಾಂಟು, ಅಷ್ಟೇ. ಜೊತೆಗಾತಿ ಬೇಲಾ ಯಾರಾದರೂ ಬಂದು ಬಿಡಿಸಲಿ ಎಂದು ಕಾಯುವವಳಲ್ಲ, ತಾನೇ ಹೊಡೆದಾಟಕ್ಕೆ ಇಳಿಯುವವಳು.

ಬಹಾದ್ದೂರನ ಅಪ್ಪ ಭೈರವಸಿಂಗ್ ಡಕಾಯಿತ. ಪೊಲೀಸರ ಗುಂಡಿಗೆ ಸಾಯುತ್ತಾನೆ. ಮಗ ಸೇಡಿನ ಆಣೆ ಮಾಡುತ್ತಾನೆ. ಅಪ್ಪ ಎಂಥವನಾಗಿದ್ದ ಎಂಬುದು ತಿಳಿದ ಮೇಲೆ ಪೊಲೀಸ್ ಅಧಿಕಾರಿ ವಿಶಾಲನ ಜೊತೆಗೇ ನಿಂತು, ಊರು ಕಾಯಲು ನಾಗರಿಕ ಸುರಕ್ಷಾ ದಳ ಕಟ್ಟುತ್ತಾನೆ. ಭೀಮಾತೀರದ ಹುಡುಗನಿಗೆ ಇದು ಎದೆಗೇ ನಾಟಿತು. ನಮ್ಮ ತೀರದ ಹೆಸರಿಗೆ ಪತ್ರಿಕೆ, ಸಿನಿಮಾಗಳು ಬಂದೂಕನ್ನೇ ಕಟ್ಟಿಬಿಟ್ಟಿವೆ. ಇಲ್ಲಿ ಸೇಡು ಕೂಡ ಹೊಲದಂತೆ ಅಪ್ಪನಿಂದ ಮಗನಿಗೆ ಬರುತ್ತದೆ ಎಂಬಂತೆ ಬರೆಯುತ್ತಾರೆ. ಆ ಸೇಡನ್ನು ಕೆಳಗಿಟ್ಟ ನಾಯಕನನ್ನು ನಾನು ಮೊದಲು ಕಂಡದ್ದು ಆ ಅಗ್ಗದ ಕಾಗದದ ಮೇಲೆ. ಮುಂದೆ, 1972ರಲ್ಲಿ ಚಂಬಲ್‌ನ ನೂರಾರು ಡಕಾಯಿತರು ಜಯಪ್ರಕಾಶ ನಾರಾಯಣರ ಸಮ್ಮುಖದಲ್ಲಿ ಬಂದೂಕು ಇಳಿಸಿದ್ದನ್ನು ಓದಿದಾಗ, ಸುರ್ತಿಯವರ ಕಥೆ ಯಾವ ಗಾಳಿ ಕುಡಿದು ಬೆಳೆದದ್ದೆಂದು ಹೊಳೆಯಿತು.

ಗೋವಿಂದರು ಬರೆದ ಚಂಬಲ್ ಕೊರಕಲುಗಳನ್ನು ನೋಡುವಾಗೆಲ್ಲ ನನಗೆ ಬೇಸಿಗೆಯ ಭೀಮೆಯ ದಂಡೆಯೇ ಕಾಣುತ್ತದೆ. ಫ್ಯಾಂಟಮ್‌ನ ದಟ್ಟ ಕಾಡನ್ನು ಎರಿಹೊಲದ ನಾವು ಕಂಡವರಲ್ಲ. ಧೂಳೆಬ್ಬಿಸಿ ಬರುವ ಕುದುರೆ ಮಾತ್ರ ಜಾತ್ರೆಯ ದಾರಿಯಲ್ಲಿ ಕಂಡದ್ದೇ.

ಇಲ್ಲೇ ಪಕ್ಕದ ಹಲಸಂಗಿಯ ಗೆಳೆಯರು ಬೀಸುಕಲ್ಲಿನ ಪದಗಳನ್ನು ಬರೆದುಕೊಂಡು, 1931ರಲ್ಲಿ ‘ಗರತಿಯ ಹಾಡು’ ತಂದರು. ಆ ಬಳಗದ ಸಿಂಪಿ ಲಿಂಗಣ್ಣ ನಮ್ಮ ಚಡಚಣದವರೇ. ಕೆಲವರ ಕಣ್ಣಿಗೆ ಕೆಲಸಕ್ಕೆ ಬಾರದ್ದನ್ನು ಎತ್ತಿಡುವ ಗುಣ ಈ ಮಣ್ಣಿನಲ್ಲಿದೆ ಎಂದುಕೊಂಡು, ರದ್ದಿ ಅಂಗಡಿ ಅಲೆದು ನಾನೂ ಬಹಾದ್ದೂರನ ಇಪ್ಪತ್ತೆರಡು ಸಂಚಿಕೆ ಕೂಡಿಸಿದ್ದೇನೆ. ಪಿನ್ನುಗಳಿಗೆ ತುಕ್ಕು ಹಿಡಿದಿದೆ. ಬಿಚ್ಚಿ ದಾರದಲ್ಲಿ ಹೊಲಿದು, ನಡುವೆ ಬೇವಿನೆಲೆ ಇಟ್ಟಿದ್ದೇನೆ.

ಮೊನ್ನೆ ಅವ್ವನಿಗೆ ಸುರ್ತಿಯವರ ಸುದ್ದಿ ಹೇಳಿದೆ. 2007ರಲ್ಲಿ ಶುರು ಮಾಡಿದ ಕೆಲಸ: ಮುಂಬಯಿ ಮಗ್ಗುಲ ಮೀರಾ ರೋಡಿನಲ್ಲಿ ಭಾನುವಾರ ಪ್ಲಂಬರನನ್ನು ಕರೆದುಕೊಂಡು ಮನೆಮನೆಗೆ ಹೋಗಿ, ಸೋರುವ ನಳಗಳನ್ನು ಪುಕ್ಕಟೆ ದುರಸ್ತಿ ಮಾಡಿಸುವುದು. ಕೊಡ ಹೊತ್ತು ಬೇಸಿಗೆ ಕಳೆದ ಅವ್ವ ಹೂಂಗುಟ್ಟಿದಳು. ‘ಚಲೋ ಮನಷ್ಯಾ. ನಳದ್ದು ಆಮ್ಯಾಲ ಹೇಳು. ಆ ಹುಡುಗ ಸೇಡು ಬಿಟ್ಟದ್ದನ್ನ ಮೊದಲ ಓದು.’

ಟ್ರಂಕು ತೆರೆದೆ.