ಉಗುರಿನಷ್ಟು ಜೀವ, ಕಡಲಿನಷ್ಟು ನೋವು

ಸಮುದ್ರಕ್ಕೆ ಇಳಿಯುವವರು ಅಲೆಗೆ ಹೆದರುತ್ತಾರೆ, ಸುಳಿಗೆ ಹೆದರುತ್ತಾರೆ. ಸೊಂಟದುದ್ದ ನೀರಿನಲ್ಲಿ ತೇಲಿ ಬರುವ ಜೆಲ್ಲಿಫಿಶ್ ಕಡೆ ಮಾತ್ರ ಯಾರಿಗೂ ಲಕ್ಷ್ಯವಿಲ್ಲ. ಮೈಯಲ್ಲಿ ನೂರಕ್ಕೆ ತೊಂಬತ್ತೈದು ಪಾಲು ನೀರೇ ಇರುವ ಈ ಪ್ರಾಣಿಗೆ ಮೆದುಳಿಲ್ಲ, ಹೃದಯವಿಲ್ಲ, ಎಲುಬಿನ ಮಾತಂತೂ ಬೇಡ. ಆದರೂ ಡೈನೋಸಾರ್‌ಗಳಿಗಿಂತ ಎಷ್ಟೋ ಮೊದಲೇ ಬಂದು, ಅವು ಅಳಿದ ಮೇಲೂ ಉಳಿದ ವಂಶ ಇದು. ನನಗೆ ಇದರ ಮೇಲೆ ಭಯಕ್ಕಿಂತ ಗೌರವವೇ ಹೆಚ್ಚು.

ಈ ವಿಷಯ ಎತ್ತಿದರೆ ನನ್ನ ಮಾತು ಆಸ್ಟ್ರೇಲಿಯಾದ ಕೇರ್ನ್ಸ್ ಊರಿಗೆ ಹೋಗದೆ ಇರುವುದಿಲ್ಲ. ಅಲ್ಲಿ ಈಜಿ ಬಂದ ಕೆಲವರಿಗೆ ಅರ್ಧ ಗಂಟೆಯೊಳಗೆ ಸೊಂಟ ಮುರಿದಂಥ ನೋವು, ವಾಂತಿ, ಬೆವರು, ಇನ್ನು ಉಳಿಯುವುದಿಲ್ಲವೆಂಬ ದಿಗಿಲು. ಚರ್ಮ ನೋಡಿದರೆ ಹೇಳಿಕೊಳ್ಳುವಂಥ ಗಾಯವೇ ಇಲ್ಲ! ವೈದ್ಯ ಹ್ಯೂಗೋ ಫ್ಲೆಕರ್ 1952ರಲ್ಲಿ ಈ ಕಾಯಿಲೆಗೆ ಅಲ್ಲಿನ ಮೂಲನಿವಾಸಿಗಳ ಹೆಸರನ್ನೇ ಇಟ್ಟು ‘ಇರುಕಾಂಜಿ’ ಎಂದರು. ಹೆಸರೇನೋ ಬಂತು, ಕುಟುಕಿದವರು ಯಾರೆಂದು ತಿಳಿಯಲಿಲ್ಲ. ಅದೇ ಊರಿನ ವೈದ್ಯ ಜ್ಯಾಕ್ ಬಾರ್ನ್ಸ್ ಹುಡುಕುತ್ತಾ ಹೋಗಿ 1961ರಲ್ಲಿ ಉಗುರಿನಷ್ಟು ಪುಟ್ಟ ಜೆಲ್ಲಿಫಿಶ್ ಒಂದನ್ನು ಹಿಡಿದರು. ಇದೇ ಹೌದೋ ಅಲ್ಲವೋ ತಿಳಿಯಬೇಕಲ್ಲ? ತಮ್ಮ ಮೈಗೂ, ಒಂಬತ್ತು ವರ್ಷದ ಮಗನಿಗೂ, ಒಬ್ಬ ಜೀವರಕ್ಷಕನಿಗೂ ಅದನ್ನು ತಾಗಿಸಿ ನೋಡಿದರು. ಮೂವರೂ ಆಸ್ಪತ್ರೆ ಸೇರಿದರು, ಮೂವರೂ ಬದುಕಿದರು. ಬಾರ್ನ್ಸ್ ತಮ್ಮ ಮೈ ಒಡ್ಡಿದ್ದಕ್ಕೆ ಕೈಮುಗಿಯುತ್ತೇನೆ. ಮಗುವನ್ನು ಸೇರಿಸಿಕೊಂಡಿದ್ದನ್ನು ಮಾತ್ರ ಒಪ್ಪಲಾರೆ. ಮುಂದೆ ಆ ಜೀವಿಗೆ ಅವರ ಹೆಸರೇ ಬಂತು: ಕ್ಯಾರುಕಿಯಾ ಬಾರ್ನೆಸಿ.

ಫ್ಲೆಕರ್ ಹೆಸರು ಹೊತ್ತದ್ದು ಇನ್ನೂ ಭಯಂಕರವಾದ ಬಾಕ್ಸ್ ಜೆಲ್ಲಿಫಿಶ್. ಅದಕ್ಕೆ 24 ಕಣ್ಣು, ಮೂರು ಮೀಟರ್‌ವರೆಗೆ ಚಾಚುವ ಎಳೆಗಳು. ಹೆಚ್ಚು ಎಳೆ ಸುತ್ತಿಕೊಂಡರೆ ಕೆಲವೇ ನಿಮಿಷಗಳಲ್ಲಿ ಪ್ರಾಣ ಹೋಗಬಹುದು. ಅಲ್ಲಿನ ಬೀಚುಗಳಲ್ಲಿ ಕಟ್ಟುವ ಬಲೆ ಇದನ್ನು ತಡೆಯುತ್ತದೆ. ಇರುಕಾಂಜಿ ತರುವ ಆ ಪುಟ್ಟ ಜೆಲ್ಲಿಫಿಶ್ ಮಾತ್ರ ಬಲೆಯ ಕಣ್ಣಿನೊಳಗೇ ನುಸುಳಿ ಬರುತ್ತದೆ.

ಕುಟುಕುವ ಬಗೆಯನ್ನು ಸೂಕ್ಷ್ಮವಾಗಿ ನೋಡಬೇಕು. ಎಳೆಯ ತುಂಬ ಕಣ್ಣಿಗೆ ಕಾಣದ ಕೋಶಗಳಿವೆ. ಒಂದೊಂದರಲ್ಲೂ ಒಂದು ಡಬ್ಬಿ, ಡಬ್ಬಿಯೊಳಗೆ ಸುರುಳಿ ಸುತ್ತಿದ ಟೊಳ್ಳು ದಾರ. ಏನಾದರೂ ತಾಗಿದೊಡನೆ ಮುಚ್ಚಳ ತೆರೆದು ದಾರ ಚಿಮ್ಮಿ, ಚರ್ಮಕ್ಕೆ ನಾಟಿ ವಿಷ ಇಳಿಸುತ್ತದೆ. ಇದಕ್ಕೆ ಮೆದುಳಿನ ಅಪ್ಪಣೆ ಬೇಕಾಗಿಲ್ಲ. ಹಾಗಾಗಿ ಮರಳ ಮೇಲೆ ಸತ್ತುಬಿದ್ದದ್ದೂ ಕುಟುಕುತ್ತದೆ.

ಈ ವಿಷದಿಂದ ವೈದ್ಯಶಾಸ್ತ್ರಕ್ಕೆ ಉಪಕಾರವೂ ಆಗಿದೆ. ಮೊನಾಕೋದ ರಾಜಕುಮಾರ ಒಂದನೇ ಆಲ್ಬರ್ಟ್‌ನ ಹಡಗಿನಲ್ಲಿ ಶಾರ್ಲ್ ರಿಶೆ ಮತ್ತು ಪಾಲ್ ಪೋರ್ಟಿಯೇ 1901ರಲ್ಲಿ ನೀಲಿ ಗುಳ್ಳೆಯಂತೆ ತೇಲುವ ಫೈಸಾಲಿಯಾದ ವಿಷವನ್ನು ಪರೀಕ್ಷಿಸಲು ತೊಡಗಿದರು. ಆ ಕೆಲಸ ಮುಂದುವರಿದು, ಒಮ್ಮೆ ತಡೆದುಕೊಂಡ ವಿಷ ಎರಡನೆಯ ಸಲ ಸ್ವಲ್ಪವೇ ಆದರೂ ಕೊಲ್ಲಬಲ್ಲದೆಂಬ ಅನಾಫಿಲಾಕ್ಸಿಸ್ ಬೆಳಕಿಗೆ ಬಂತು. 1913ರ ನೊಬೆಲ್ ರಿಶೆಗೆ ಸಿಕ್ಕಿತು.

ಅದೇ ಫೈಸಾಲಿಯಾ ಮಳೆಗಾಲದಲ್ಲಿ ನಮ್ಮ ಪಶ್ಚಿಮ ಕರಾವಳಿಗೂ ಬರುತ್ತದೆ. ಕುಟುಕಿದರೆ ನಮ್ಮವರು ಮೊದಲು ಮಾಡುವುದು ಗಸಗಸ ಉಜ್ಜುವುದು, ನಲ್ಲಿ ನೀರು ಸುರಿಯುವುದು. ಎರಡೂ ತಪ್ಪು, ಉಳಿದ ಡಬ್ಬಿಗಳೂ ಸಿಡಿಯುತ್ತವೆ. ಮೂತ್ರದ ಮದ್ದಿನಿಂದಲೂ ಪ್ರಯೋಜನವಿಲ್ಲ. ಬಾಕ್ಸ್ ಜೆಲ್ಲಿಫಿಶ್ ಆದರೆ ವಿನೆಗರ್ ಸುರಿಯಬೇಕು. ಅದು ನೋವನ್ನು ಕಳೆಯುವುದಿಲ್ಲ, ಸಿಡಿಯದೆ ಉಳಿದ ಡಬ್ಬಿಗಳನ್ನು ಸುಮ್ಮನಾಗಿಸುತ್ತದೆ. ಫೈಸಾಲಿಯಾ ಆದರೆ ಸಮುದ್ರದ ನೀರಿನಿಂದಲೇ ತೊಳೆದು, ಎಳೆ ತೆಗೆದು, ತಡೆಯುವಷ್ಟು ಬಿಸಿ ನೀರಿನಲ್ಲಿ ಇಪ್ಪತ್ತು ನಿಮಿಷ ಇಡಬೇಕೆಂಬುದು ಆಸ್ಟ್ರೇಲಿಯಾದವರ ಕ್ರಮ. ಉಸಿರಾಟಕ್ಕೆ ತೊಂದರೆಯಾದರೆ ತಡಮಾಡದೆ ಆಸ್ಪತ್ರೆಗೆ ಓಡಬೇಕು.

ಇಷ್ಟನ್ನು ಚಿತ್ರಸಮೇತ ಕನ್ನಡದಲ್ಲಿ ಬರೆಸಿ, ಕಾರವಾರದಿಂದ ಉಳ್ಳಾಲದವರೆಗೆ ಪ್ರತಿ ಬೀಚಿನಲ್ಲೂ ಒಂದು ಫಲಕ ನಿಲ್ಲಿಸಿ ಎಂದು ಸಂಬಂಧಪಟ್ಟವರನ್ನು ಕೇಳಿಕೊಳ್ಳುತ್ತೇನೆ.