ಮೀಟರ್ ಯಾರ ಹೆಸರಲ್ಲಿದೆ?

ಬೆಂಗಳೂರಿನ ಪೇಟೆಗಳಲ್ಲಿ ನಮ್ಮವರ ಕೈಲಿ ಬಾಡಿಗೆ ಮನೆ ಖಾಲಿ ಮಾಡಿಸೋಕೆ ಈಗ ಜಾತಿ ಎತ್ತಿ ಬೈಯೋ ಅಗತ್ಯ ಇಲ್ಲ. ಬೈದರೆ ಅಟ್ರಾಸಿಟಿ ಕೇಸ್ ಬೀಳುತ್ತೆ ಅಂತ ಅವರಿಗೂ ಗೊತ್ತು. ಫ್ಯೂಸ್ ಕೀಳ್ತಾರೆ, ಅಷ್ಟೇ.

ಮಾಮೂಲ್‌ಪೇಟೆ ಕಡೆ ಓಡಾಡಿದವರು ಈ ಕಟ್ಟಡಗಳನ್ನ ನೋಡಿರ್ತೀರಿ. ಕೆಳಗೆ ಹೋಲ್‌ಸೇಲ್ ಅಂಗಡಿ, ಅದರ ಮೇಲೆ ಗೋಡೌನು, ಅದಕ್ಕೂ ಮೇಲೆ ಒಂದೊಂದು ರೂಮಿನ ಮನೆಗಳು. ಮೆಟ್ಟಿಲ ಕೆಳಗೆ ಮೀಟರ್ ಬೋರ್ಡು, ಅದರ ಬೀಗದ ಕೈ ಮಾಲೀಕರ ಹತ್ತಿರ. ಎಷ್ಟೋ ಕಡೆ ಮೇಲಿನ ಮನೆಗಳಿಗೆಲ್ಲ ಸೇರಿ ಒಂದೇ ಆರ್‌ಆರ್ ನಂಬರು. ಒಳಗೆ ಸಬ್ ಮೀಟರ್ ಹಾಕಿ ಬಾಯಿಗೆ ಬಂದ ರೇಟು ವಸೂಲಿ.

2023ರ ಜುಲೈಯಿಂದ ಗೃಹಜ್ಯೋತಿ ಬಂತು. ತಿಂಗಳಿಗೆ 200 ಯೂನಿಟ್‌ವರೆಗೆ ಉಚಿತ, ಬಾಡಿಗೆದಾರರಿಗೂ ಉಂಟು. ಆದರೆ ಲೆಕ್ಕ ನಡೆಯೋದು ಮೀಟರಿಗೆ, ಮನೆಗಲ್ಲ. ನಾಲ್ಕು ಮನೆಯವರು ತಲಾ 60 ಯೂನಿಟ್ ಉರಿಸಿದರೂ ಮೀಟರ್ ತೋರಿಸೋದು 240. 200 ದಾಟಿತು ಅಂದ್ರೆ ಪೂರ್ತಿ ಬಿಲ್ಲು. ಸ್ವಂತ ಮೀಟರ್ ಇರೋರಿಗೆ ಸೊನ್ನೆ ಬಿಲ್ಲು, ಹಮಾಲಿ ಮಾಡೋ ನಮ್ಮ ಜನಕ್ಕೆ ಸಬ್ ಮೀಟರ್ ಚೀಟಿ.

ಅದೇ ವರ್ಷ ನವೆಂಬರ್. ನಾವಿದ್ದದ್ದು ಮೂರನೇ ಮಹಡಿಯಲ್ಲಿ. ಬಾಡಿಗೆ ಇಸ್ಕೊಳ್ಳೋಕೆ ಬಂದ ಮಾಲೀಕರು ಗೋಡೆ ಮೇಲಿನ ಬಾಬಾಸಾಹೇಬರ ಫೋಟೋ ನೋಡಿದ್ರು. ವಾರದಲ್ಲಿ ಖಾಲಿ ಮಾಡಿ ಅಂದ್ರು. ಅಗ್ರಿಮೆಂಟ್ ಇನ್ನೂ ಏಳು ತಿಂಗಳಿತ್ತು, ಮಗಳು ಎಸ್ಸೆಸ್ಸೆಲ್ಸಿ. ಆಗಲ್ಲ ಅಂದೆ. ಮಾರನೇ ದಿನ ನಮ್ಮ ಫ್ಯೂಸ್ ಇಲ್ಲ.

ಕೇಳಿದ್ರೆ, “ಲೋಡ್ ಜಾಸ್ತಿ ಆಗ್ತಿದೆ.” ಠಾಣೆಗೆ ಹೋದ್ರೆ, “ಇದು ಸಿವಿಲ್ ಮ್ಯಾಟರ್.” ಸ್ವಂತ ಮೀಟರಿಗೆ ಅರ್ಜಿ ಹಿಡ್ಕೊಂಡು ಹೋದ್ರೆ, “ಮಾಲೀಕರ ಎನ್‌ಒಸಿ ತನ್ನಿ.” ಕತ್ತಲು ಮಾಡಿದವರ ಹತ್ತಿರಾನೇ ಬೆಳಕಿಗೆ ಸಹಿ ಹಾಕಿಸ್ಕೊಂಡು ಬರಬೇಕಂತೆ! ಪಕ್ಕದ ಮನೆ ಆಪಾ ಒಂದು ವೈರ್ ಎಳೆದುಕೊಟ್ರು. ಕರೆಂಟ್ ಕಳ್ಳತನ ಅಂತ ಕಂಪ್ಲೇಂಟ್ ಕೊಡ್ತೀನಿ ಅಂತ ಮಾಲೀಕರು ಹೆದರಿಸಿದ್ರು, ಆಪಾ ವೈರ್ ಸುತ್ತಿಟ್ರು. ಅವರನ್ನ ದೂರಲ್ಲ. ಅವರ ಫ್ಯೂಸೂ ಅದೇ ಬೋರ್ಡಲ್ಲಿತ್ತು.

23 ದಿನ ನನ್ನ ಮಗಳು ಮೆಟ್ಟಿಲ ಮೇಲಿನ ಬಲ್ಬಿನ ಕೆಳಗೆ ಕೂತು ಓದಿದ್ಲು, ಹೋಗೋ ಬರೋರಿಗೆ ಕಾಲು ಮಡಚಿ ದಾರಿ ಬಿಡ್ತಾ.

ಕಾನೂನು ಏನು ಹೇಳುತ್ತೆ? 2003ರ ವಿದ್ಯುತ್ ಕಾಯ್ದೆಯ ಸೆಕ್ಷನ್ 43ರ ಪ್ರಕಾರ ಮಾಲೀಕರಷ್ಟೇ ಅಲ್ಲ, ಆ ಜಾಗದಲ್ಲಿ ಇರುವವರೂ ಸಂಪರ್ಕ ಕೇಳಬಹುದು. 2022ರ ಮೇ 13ರಂದು ದಿಲೀಪ್ ವರ್ಸಸ್ ಸತೀಶ್ ಕೇಸಲ್ಲಿ ಸುಪ್ರೀಂ ಕೋರ್ಟ್ ಇನ್ನೂ ಬಿಡಿಸಿ ಹೇಳಿದೆ: ಮಾಲೀಕರು ಎನ್‌ಒಸಿ ಕೊಡಲಿಲ್ಲ ಅಂತ ಬಾಡಿಗೆದಾರರಿಗೆ ಕರೆಂಟ್ ನಿರಾಕರಿಸೋ ಹಾಗಿಲ್ಲ. ಅರ್ಜಿದಾರರು ಅಲ್ಲಿ ಇದ್ದಾರಾ ಅನ್ನೋದನ್ನಷ್ಟೇ ನೋಡಬೇಕು. ಆ ತೀರ್ಪು, ಅಗ್ರಿಮೆಂಟು, ಗ್ಯಾಸ್ ಬಿಲ್ಲು ಲಗತ್ತಿಸಿ ಅರ್ಜಿ ಕೊಟ್ವಿ, ಸೀಲ್ ಹಾಕಿಸ್ಕೊಂಡ್ವಿ. 24ನೇ ದಿನ ನನ್ನ ಹೆಂಡತಿ ಹೆಸರಲ್ಲಿ ಮೀಟರ್ ಬಂತು.

ಇವತ್ತಾಗಿದ್ರೆ ಇನ್ನೂ ಕಷ್ಟ. ಓಸಿ ಇಲ್ಲದ ಕಟ್ಟಡಕ್ಕೆ ಕರೆಂಟ್ ಸಂಪರ್ಕ ಕೊಡಬಾರದು ಅಂತ 2024ರ ಡಿಸೆಂಬರ್ 17ರಂದು ಸುಪ್ರೀಂ ಕೋರ್ಟ್ ಹೇಳಿತು. ಅಕ್ರಮ ಕಟ್ಟಡ ನಿಲ್ಲಲಿ, ಸರಿ. ಆದರೆ ನಕ್ಷೆ ಮೀರಿ ಮಹಡಿ ಏರಿಸಿದವರು ಮಾಲೀಕರು, ಕತ್ತಲಲ್ಲಿ ಕೂರೋರು ಬಾಡಿಗೆದಾರರು. ನೀರು, ಕರೆಂಟ್ ಕಡಿಯೋದನ್ನ ತಡೆಯೋ 1999ರ ಕರ್ನಾಟಕ ಬಾಡಿಗೆ ಕಾಯ್ದೆ ಇದೆ. ಆದರೆ ಬೆಂಗಳೂರಲ್ಲಿ ತಿಂಗಳ ಬಾಡಿಗೆ 3,500 ರೂಪಾಯಿ ದಾಟಿದ್ರೆ ಅದು ಅನ್ವಯಿಸಲ್ಲ. ಆ ದುಡ್ಡಿಗೆ ಪೇಟೆಯಲ್ಲಿ ಇವತ್ತು ಮನೆ ಎಲ್ಲಿದೆ?

1942ರಿಂದ 46ರವರೆಗೆ ವೈಸರಾಯ್ ಕೌನ್ಸಿಲ್‌ನ ಕಾರ್ಮಿಕ ಸದಸ್ಯರಾಗಿದ್ದಾಗ ದೇಶದ ವಿದ್ಯುತ್ ನೀತಿಗೆ ಬುನಾದಿ ಹಾಕಿದವರಲ್ಲಿ ಬಾಬಾಸಾಹೇಬರು ಮುಖ್ಯರು. ಸೋವಿಯಾಗಿ, ಧಾರಾಳವಾಗಿ ಕರೆಂಟ್ ಸಿಗದೆ ಬಡತನ ಹೋಗಲ್ಲ ಅಂದವರು. ಅವರ ಫೋಟೋ ಕಂಡು ಫ್ಯೂಸ್ ಕಿತ್ತರು ಅಂದ್ರೆ, ಕಿತ್ತಿದ್ದು ಏನನ್ನ ಅಂತ ಯೋಚಿಸಿ.

ಬಾಡಿಗೆಗಿರೋ ಬಂಧುಗಳೇ, ಇವತ್ತೇ ಕೆಳಗಿಳಿದು ನಿಮ್ಮ ಮೀಟರ್ ಯಾರ ಹೆಸರಲ್ಲಿದೆ ನೋಡಿ. ಏನೇ ಕೇಳಿದ್ರೂ ಬರವಣಿಗೆಯಲ್ಲಿ ಕೇಳಿ. ಅರ್ಜಿ ತಿರಸ್ಕರಿಸಿದ್ರೆ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆಗೆ ಹೋಗಿ, ಅಲ್ಲೂ ಆಗದಿದ್ರೆ ವಿದ್ಯುತ್ ಓಂಬುಡ್ಸ್‌ಮನ್ ಇದ್ದಾರೆ. ಜಾತಿ ಕಾರಣಕ್ಕೆ ಕಡಿದಿದ್ದು ಅಂತ ಗೊತ್ತಾದ್ರೆ, “ಸಿವಿಲ್ ಮ್ಯಾಟರ್” ಅನ್ನೋರ ಮುಂದೆ ದೌರ್ಜನ್ಯ ತಡೆ ಕಾಯ್ದೆಯ ಸೆಕ್ಷನ್ 3(1)(ಜಿ) ಇಡಿ. ಮನೆಯ ಹಕ್ಕು ಅನುಭವಿಸೋಕೆ ಅಡ್ಡಿ ಮಾಡೋದೂ ಅದರಲ್ಲಿ ಅಪರಾಧ.

ಜೈ ಭೀಮ್.