ಮೂರು ನಿಮಿಷದ ಪೈಲಟ್

ಅನಿಮೆ ನೋಡದವರೂ ಮಿಯಾಝಾಕಿ ಹೆಸರು ಕೇಳಿರ್ತಾರೆ. ಯುಟಾಕಾ ಫುಜಿಯೋಕಾ ಹೆಸರು ಕೇಳಿರಲಿಕ್ಕಿಲ್ಲ. ನಾನೂ ಕೇಳಿರಲಿಲ್ಲ. ಕೋಡ್ ಬರೆಯೋದು ಬಿಟ್ಟು ಮ್ಯಾನೇಜರ್ ಆಗ್ತೀಯಾ ಅಂತ ಆಫೀಸಲ್ಲಿ ಕೇಳಿದ ಮೇಲೆ, ನಿದ್ದೆ ಬರದೆ ಏನೇನೋ ಓದ್ತಿದ್ದಾಗ ಈ ಮನುಷ್ಯ ಸಿಕ್ಕಿದ.

ಫುಜಿಯೋಕಾ ಚಿತ್ರ ಬಿಡಿಸುವವನಲ್ಲ, ನಿರ್ಮಾಪಕ. 1964ರಲ್ಲಿ ಟೋಕಿಯೋ ಮೂವಿ ಅನ್ನೋ ಸ್ಟುಡಿಯೋ ಕಟ್ಟಿದ. 'ಲುಪಿನ್' ಸರಣಿ ಅಲ್ಲಿಯದೇ. ಮಿಯಾಝಾಕಿ ನಿರ್ದೇಶಿಸಿದ ಮೊದಲ ಸಿನಿಮಾ, 1979ರ 'ಕಾಲ್ಯೋಸ್ಟ್ರೋ ಕೋಟೆ' ಕೂಡ ಅಲ್ಲಿಂದಲೇ ಬಂತು. ಇಷ್ಟು ಸಾಕಿತ್ತು. ಆದರೆ ಆತನಿಗೆ ಡಿಸ್ನಿಯ ಸಾಲಲ್ಲಿ ನಿಲ್ಲೋ ಒಂದು ಸಿನಿಮಾ, ಅದೂ ಅಮೆರಿಕದಲ್ಲಿ, ಬೇಕಿತ್ತು.

ಆರಿಸಿಕೊಂಡದ್ದು 1905ರಲ್ಲಿ ಅಮೆರಿಕದ ಪತ್ರಿಕೆಯಲ್ಲಿ ಶುರುವಾದ 'ಲಿಟಲ್ ನೀಮೋ' ಕಾಮಿಕ್ಸ್. ವಿನ್ಸರ್ ಮೆಕೆ ಬರೆದದ್ದು. ಹುಡುಗ ನಿದ್ದೆಯಲ್ಲಿ ಕನಸಿನ ರಾಜ್ಯ ಸುತ್ತುತ್ತಾನೆ, ಕೊನೇ ಚೌಕದಲ್ಲಿ ಎಚ್ಚರಾಗುತ್ತಾನೆ. ಪ್ರತಿ ವಾರ ಇಷ್ಟೇ!

ಫುಜಿಯೋಕಾ ಮೊದಲು ಜಾರ್ಜ್ ಲ್ಯೂಕಾಸ್‌ನನ್ನು ಕೇಳಿದ, ಆತ ಒಪ್ಪಲಿಲ್ಲ. ಆಮೇಲೆ ಸೇರಿಸಿದ ತಂಡ ನೋಡಿ: ಮಿಯಾಝಾಕಿ, ತಕಾಹಾತಾ, ಕೊಂಡೋ. ಕಲಿಸೋಕೆ ಡಿಸ್ನಿಯ ಹಳೇ ಹುಲಿಗಳಾದ ಫ್ರಾಂಕ್ ಥಾಮಸ್, ಆಲಿ ಜಾನ್‌ಸ್ಟನ್. ಕಥೆಗೆ ರೇ ಬ್ರಾಡ್‌ಬರಿ, ಕಲ್ಪನಾಚಿತ್ರಗಳಿಗೆ ಫ್ರಾನ್ಸಿನ ಮೋಬಿಯಸ್. ಚಿತ್ರಕಥೆಗೆ ಕ್ರಿಸ್ ಕೊಲಂಬಸ್, ಮುಂದೆ 'ಹೋಮ್ ಅಲೋನ್' ಮಾಡಿದವನೇ. ಇಂಥ ಟೀಮ್ ಸಿಕ್ಕರೆ ಯಾವ ಮ್ಯಾನೇಜರಿಗೆ ತಾನೇ ತಲೆ ತಿರುಗಲ್ಲ?

ಆದರೆ ಕಥೆಯೇ ಕೂಡಿಬರಲಿಲ್ಲ. ನಡೆದದ್ದೆಲ್ಲ ಕನಸು ಅಂತಾದರೆ ನೋಡುವವರಿಗೆ ಏನು ಉಳೀತು? ಮಿಯಾಝಾಕಿಯ ತಕರಾರು ಹೆಚ್ಚುಕಡಿಮೆ ಇದೇ. ಆತ ಹೊರಟ, ಹಿಂದೆಯೇ ತಕಾಹಾತಾ. ನಿರ್ದೇಶಕರು ಬದಲಾದರು, ಚಿತ್ರಕಥೆಗಳು ಬದಲಾದವು. ಸಿನಿಮಾ ಜಪಾನಿನಲ್ಲಿ ತೆರೆಕಂಡಿದ್ದು 1989ರಲ್ಲಿ, ಅಮೆರಿಕ ಮುಟ್ಟಿದ್ದು 1992ಕ್ಕೆ. ಖರ್ಚು ಸುಮಾರು 3.5 ಕೋಟಿ ಡಾಲರ್. ಅಮೆರಿಕದ ಥಿಯೇಟರುಗಳಲ್ಲಿ ಬಂದದ್ದು 15 ಲಕ್ಷ ಡಾಲರೂ ಇಲ್ಲ.

ನಾನು ಸಿನಿಮಾ ನೋಡಿದೆ. ಚಿತ್ರಗಳು ಚೆಂದ, ಒಳಗೆ ಟೊಳ್ಳು. ದುಡ್ಡಿನ ಸೋಲಿಗಿಂತ ನನಗೆ ಚುಚ್ಚಿದ್ದು ಬೇರೆ. ಫುಜಿಯೋಕಾ ಯಾರನ್ನೂ ತಪ್ಪಾಗಿ ಆರಿಸಲಿಲ್ಲ. ಬಿಟ್ಟುಹೋದವರೂ ತಪ್ಪು ಮಾಡಲಿಲ್ಲ: 1985ರಲ್ಲಿ ಘಿಬ್ಲಿ ಶುರುವಾಯ್ತು. ಅವನ ಸ್ಟುಡಿಯೋನೇ 1988ರಲ್ಲಿ 'ಅಕೀರಾ'ಗೆ ಅನಿಮೇಷನ್ ಮಾಡಿತು. ಅದನ್ನು ಜಗತ್ತೇ ನೋಡಿತು, ಆದರೆ ಅದು ಅವನ ಕನಸಾಗಿರಲಿಲ್ಲ. ಕೈಯಾರೆ ಬಿಡಿಸೋಕೆ ಬರದವನು ತಲೆಯಲ್ಲಿರೋ ಚಿತ್ರವನ್ನ ಇನ್ನೊಬ್ಬರ ಕೈಗೆ ದಾಟಿಸೋದು ಹೇಗೆ? ಕೋಡಾದರೆ ನಾನೇ ಕೂತು ತಿದ್ದಬಹುದು.

ಫುಜಿಯೋಕಾ 1996ರಲ್ಲಿ ತೀರಿಕೊಂಡ.

ಕೊಂಡೋ 1984ರಲ್ಲಿ ಇದೇ ಸಿನಿಮಾಕ್ಕೆ ಅಂತ ಮಾಡಿದ ಪೈಲಟ್ ಯೂಟ್ಯೂಬಲ್ಲಿದೆ. ಮೂರು ನಿಮಿಷ ಅಷ್ಟೆ. ಆ ಹುಡುಗ ಹಾರೋದು ನೋಡಿದರೆ ಫುಜಿಯೋಕಾ ಅಷ್ಟು ವರ್ಷ ಯಾಕೆ ಬಿಡಲಿಲ್ಲ ಅಂತ ಗೊತ್ತಾಗುತ್ತೆ. ಮೆಟ್ರೋದಲ್ಲಿ ಬೇಡ, ಮನೆಗೆ ಹೋಗಿ ದೊಡ್ಡ ಸ್ಕ್ರೀನಲ್ಲಿ ನೋಡಿ.